ಇವತ್ತಿನ ಹೊತ್ತು ನಿಂದವ್ವ

ಅದು ೧೯೯೮ರ ಶ್ರಾವಣ. ವಳಕಮದಿನ್ನಿಯ ಕಾಲುವೆ ದಂಡೆಯ ಮೇಲೆ ಒಂದು ತಗಡಿನ ಷೆಡ್ಡಿತ್ತು. ಮಸ್ಕಿ ಕಡೆಯ ಒಣಭೂಮಿಯ ಹಳ್ಳಿಗಳಿಂದ ಭತ್ತದ ನಾಟಿಗೆ ಗುಂಪಾಗಿ ಬರುವ ಹೆಂಗಸರು ಒಂದು ತಿಂಗಳ ಮಟ್ಟಿಗೆ ಅಲ್ಲಿ ಇಳಿದುಕೊಳ್ಳುತ್ತಿದ್ದರು. ನಾನು ಸಿಂಧನೂರಿನಿಂದ ಸಂಜೆಯ ಬಸ್ಸಿಗೆ ಬಂದು ಒಂದು ತಾಸು ಅವರಿಗೆ ಅಕ್ಷರ ಕಲಿಸಿ, ಎಂಟೂವರೆಯ ಬಸ್ಸಿಗೆ ಹಿಂತಿರುಗುತ್ತಿದ್ದೆ. ಆ ದಿನ ಏಳು ಗಂಟೆಗೇ ಮಳೆ ಹಿಡಿದುಕೊಂಡಿತು. ತಗಡಿನ ಸದ್ದಿನಲ್ಲಿ ನಾನು ಹೇಳಿದ ಅಕ್ಷರ ಅವರಿಗೆ ಕೇಳಿಸಲಿಲ್ಲ, ಅವರು ಹೇಳಿದ್ದು ನನಗೆ ಕೇಳಿಸಲಿಲ್ಲ. ಹಲಗೆ ಪಕ್ಕಕ್ಕಿಟ್ಟು, ಬಹಳ ದಿನಗಳಿಂದ ಬಾಕಿ ಉಳಿದಿದ್ದ ಹಾಜರಿ ಪುಸ್ತಕ ತೆಗೆದು, ಹತ್ತಿರ ಕೂರಿಸಿಕೊಂಡು ಒಬ್ಬೊಬ್ಬರ ವಯಸ್ಸು ಕೇಳಿ ಬರೆಯತೊಡಗಿದೆ.

ಕೊನೆಗೆ ತಿಮ್ಮವ್ವನ ಸರದಿ ಬಂತು. ತಿಮ್ಮವ್ವ ಗುಂಪಿಗೆ ಅಡಿಗೆ ಮಾಡುವ ಮುದುಕಿ. ಗದ್ದೆಗೆ ಇಳಿಯುತ್ತಿರಲಿಲ್ಲ, ಮಧ್ಯಾಹ್ನ ರೊಟ್ಟಿ ಗಂಟು ಹೊತ್ತುಕೊಂಡು ಹೋಗಿ ಒಡ್ಡಿನ ಮೇಲೆ ಎಲ್ಲರಿಗೂ ಬಡಿಸಿ ಬರುತ್ತಿದ್ದಳು. ಬಾಯಿ ಬಹಳ ಜೋರು. ಅವಳು ಬೈಯದೆ ಯಾರ ತಟ್ಟೆಗೂ ಪಲ್ಯ ಬೀಳುತ್ತಿರಲಿಲ್ಲ.

“ಏನಂತ ಬರೀತೀರಿ ಅಕ್ಕೋರ?” ಎಂದಳು. “ಹುಟ್ಟಿ ಎಷ್ಟು ವರ್ಷ ಆದ್ವು ಅಂತೀರೋ, ನಾ ಎಷ್ಟು ವರ್ಷ ಇದ್ನಿ ಅಂತೀರೋ? ಹುಟ್ಟಿ ಐವತ್ತೈದಾದ್ವು. ನಾ ಇದ್ದದ್ದು ನಲವತ್ತು ಸೈತ ಆಗಂಗಿಲ್ಲ.”

ಹೆಂಗಸರು ನಕ್ಕರು. ಮೊಲೆಯೂಡಿಸುತ್ತ ಕೂತಿದ್ದ ಮುದುಕಮ್ಮ, ಹೆಸರು ಹಾಗಿದ್ದರೂ ಅವಳಿಗಿನ್ನೂ ಇಪ್ಪತ್ತು ವರ್ಷ, ಉಳಿದ ಹದಿನೈದು ಯಾರ ಮನೆಯಲ್ಲಿ ಇಟ್ಟು ಬಂದೆ ಎಂದು ಚೇಷ್ಟೆ ಮಾಡಿದಳು. ತಿಮ್ಮವ್ವ ನಗಲಿಲ್ಲ. ಕಂದೀಲನ್ನು ತನ್ನ ಮುಂದಿನಿಂದ ತುಸು ದೂರ ಸರಿಸಿದಳು. ಬೆಳಕು ಮುಖಕ್ಕೆ ಬಿದ್ದರೆ ಅವಳಿಗೆ ಆಗುವುದಿಲ್ಲವೆಂದು ಎಲ್ಲರಿಗೂ ಗೊತ್ತಿತ್ತು, ಯಾಕೆಂದು ಯಾರಿಗೂ ಗೊತ್ತಿರಲಿಲ್ಲ.

“ನಗ್ರಿ, ನಗ್ರಿ… ನಕ್ಕಿದ್ದು ನೆನಪಿದ್ರ ನಾಳಿ ನನಗ ಹೇಳ್ರಿ. ಬಸ್ಸಂತೂ ಇವತ್ತು ಬರಂಗಿಲ್ಲ, ಅಕ್ಕೋರು ಇಲ್ಲೇ ಮಲಗ್ತಾರ. ಕುಂದರ್ರಿ ಹತ್ರ. ಈ ಮಾತು ನಾ ಇಷ್ಟು ವರ್ಷ ಯಾರ ಮುಂದೂ ಆಡಿಲ್ಲ, ಇವತ್ತು ಆಡಬೇಕಾಗೇತಿ.

“ಎಂಬತ್ತನೇ ಇಸ್ವಿ. ನಿಮ್ಮೊಳಗ ಅರ್ಧ ಮಂದಿ ಹುಟ್ಟಿದ್ದಿಲ್ಲ, ಹುಟ್ಟಿದವರು ಸಿಂಬಳ ಸುರಿಸಿಗೋಂತ ಓಣ್ಯಾಗ ಓಡ್ಯಾಡತಿದ್ರಿ. ಆವಾಗ ನಮ್ಮ ಗುಂಪಿಗಿ ಹುಸೇನ್‌ಬೀ ಮೇಸ್ತ್ರಿ. ಹನ್ನೆರಡು ಮಂದಿ ಹೆಂಗಸರು ಟ್ರ್ಯಾಕ್ಟರ್ ಹಿಂದಿನ ಟ್ರೇಲರಿನಾಗ ಕುಂತು ಮುಕ್ಕುಂದದ ಕಡಿ ಹೋಗಿದ್ವಿ, ಅಮರಗುಂಡಪ್ಪ ಸಾವಕಾರನ ಗದ್ದಿ ಹಚ್ಚಾಕ. ನನ್ನ ಬಗಲಾಗ ಎಂಟು ತಿಂಗಳ ಕೂಸು, ಆದಮ್ಮ. ಮದುವಿ ಆಗಿ ಹದಿನಾರು ವರ್ಷಕ್ಕ ಹುಟ್ಟಿದ ಕೂಸು ಅದು, ತಿಳೀತೇನು? ಹದಿನಾರು ವರ್ಷ ಮಂದಿ ಮನಿ ತೊಟ್ಲ ತೂಗಿ ತೂಗಿ ಸಾಕಾಗಿದ್ದ ಕೈ ಇವು. ಅದರ ಒಂದೊಂದು ಉಗುರು ನೋಡಿಗೋಂತ ಕುಂದರತಿದ್ನಿ, ಹುಚ್ಚಿ ಆಗಿದ್ನಿ ಅನ್ರಿ. ನಮ್ಮ ಮನ್ಯಾಗಿನವ, ತಾಯಪ್ಪ, ಹಟ್ಟಿ ಚಿನ್ನದ ಗಣಿಗಿ ಕೂಲಿಗಿ ಹೋಗತಿದ್ದ, ವಾರಕ್ಕೊಮ್ಮೆ ಬರಾವ. ನಾ ಕೂಸು ಕಟಗೊಂಡು ನಾಟಿಗಿ.

“ಆ ಗದ್ದಿ ಹಿಂದಿನ ವರ್ಷದ ತನಕ ಗದ್ದಿ ಆಗಿದ್ದಿಲ್ಲ. ಜಾಲಿ ಗಿಡ ತುಂಬಿದ್ದ ದಿನ್ನಿ. ಬುಲ್ಡೋಜರ್ ಹಚ್ಚಿ ಸಪಾಟ ಮಾಡಿ ಮೊದಲನೇ ಸಲ ನೀರು ಕಟ್ಟಿದ್ರು. ಒಡ್ಡಿನ ಮ್ಯಾಲ ಉಳಿದಿದ್ದ ಒಂದ ಒಂದು ಜಾಲಿ ಗಿಡಕ್ಕ ಸೀರಿ ಕಟ್ಟಿ ಜೋಳಿಗಿ ಮಾಡಿ ಕೂಸಿನ ಮಲಗಿಸಿ ನಾ ಕೆಸರಿಗಿ ಇಳದ್ನಿ. ನಮಗೇನು ಗಡಿಯಾರ ಇರತಾವ? ಹಾಲು ಕುಡಿಸೋ ತಾಯಿಗಿ ಎದೀನ ಗಡಿಯಾರ. ಎದಿ ಬಿಗದ್ರ ಕೂಸಿಗಿ ಹೊತ್ತಾತು ಅಂತ ಕೈ ತೊಳಕೊಂಡು ಒಡ್ಡು ಹತ್ತೋದು, ಮುಂಜಾನಿಂದ ಸಂಜಿ ತನಕ ನಾಕು ಸಲ. ಮುದುಕಮ್ಮಗ ಗೊತ್ತೈತಿ, ನಾ ಹೇಳೋದು ಬ್ಯಾಡ.

“ಮೂರನೇ ದಿನ. ಮಟಮಟ ಮಧ್ಯಾಹ್ನ. ನಡ ಅಂಬೋದು ಮುರಿದು ಎರಡು ಆಗೇತೋ ಏನೋ ಅನ್ನಂಗ ನೋವು… ನೀವೂ ನಾಟಿ ಹಚ್ಚಾವರು, ನಿಮಗೇನು ಹೇಳಲಿ. ಬಗ್ಗಿದ್ದ ತಲಿ ಹಂಗ ತುಸು ಓರೆ ಮಾಡಿ ನೋಡಿದ್ರ, ಗದ್ದಿ ಮೂಲ್ಯಾಗ ನೀರಿನ ಮ್ಯಾಲ ಒಂದು ಬೆಳಕು ನಿಂತಿತ್ತು. ರೊಟ್ಟಿಯಷ್ಟು ಅಗಲ. ಸೂರ್ಯನ ನೆರಳು ಅಂತೀರಿ? ನಾನೂ ಹಂಗ ಅನಕೊಂಡ್ನಿ. ಸೂರ್ಯನ ಬಿಂಬ ನಾವು ಸರದಂಗ ಸರೀತೈತಿ. ಇದು ಸರೀಲಿಲ್ಲ. ಗಾಳಿ ಬೀಸಿ ನೀರೆಲ್ಲ ಅಲುಗಿದ್ರೂ ಇದು ಅಲುಗಲಿಲ್ಲ. ನೋಡಾಕತ್ತಿದ್ನಿ, ನೋಡಾಕತ್ತಿದ್ನಿ… ಕಣ್ಣು ಒಂದ ಸಲ ಪಿಳುಕಿಸಿದ್ನಿ ಅಷ್ಟ. ಎದ್ದು ನಿಂತ್ರ ಹೊತ್ತು ಮುಳುಗಾಕತ್ತಿತ್ತು.

“ಖರೇ ಹೇಳ್ತೀನಿ. ಮಧ್ಯಾಹ್ನ ಬಗ್ಗಿದಾಕಿ ಸಂಜಿಗಿ ಎದ್ನಿ. ಗದ್ದಿ ತುಂಬ ಸಸಿ ನಿಂತಾವ, ಸಾಲು ನೂಲು ಹಿಡದಂಗ ಅದಾವ. ಹಚ್ಚಿದವರು ಯಾರು? ನಾವ. ಉಗುರಾಗ ಕೆಸರು ಐತಿ, ಸಸಿ ಕಟ್ಟು ಖಾಲಿ ಆಗ್ಯಾವ. ಆದ್ರ ಹಚ್ಚಿದ್ದು ಒಬ್ಬಾಕಿಗೂ ಖಬರ್ ಇಲ್ಲ. ಹನ್ನೆರಡು ಮಂದಿ ಒಬ್ಬರ ಮುಖ ಒಬ್ಬರು ನೋಡಿಗೋಂತ ನಿಂತೀವಿ. ನಡ ನೋವು? ಇಲ್ಲ. ಹಾಸಿಗ್ಯಾಗಿಂದ ಈಗ ಎದ್ದಂಗ ಮೈ ಹಗುರ.

“ನೀವಾಗಿದ್ರ ಏನು ಮಾಡತಿದ್ರಿ? ಹೆದರಿ ಓಡತಿದ್ರೇನು? ಸುಳ್ಳು ಹೇಳಬ್ಯಾಡ್ರಿ. ನಾವು ನಕ್ವಿ. ಹೊಟ್ಟಿ ಹಿಡಕೊಂಡು ನಕ್ವಿ.”

ತಿಮ್ಮವ್ವ ಎಲೆ ಅಡಿಕೆಯ ಚೀಲ ಬಿಚ್ಚಿ, ಒಂದು ಎಲೆ ಒರೆಸಿ, ಹಾಗೇ ಮಡಚಿ ಒಳಗಿಟ್ಟಳು. ಮಳೆ ಇನ್ನೂ ಜೋರಾಯಿತು. ಹೆಂಗಸರು ಮುಂದೆ ಜರುಗಿ ಕೂತರು, ನಾನೂ ಹಾಜರಿ ಪುಸ್ತಕ ಮುಚ್ಚಿದೆ.

“ಮರುದಿನ ಮುಂಜಾನಿ ಗದ್ದಿಗಿ ಇಳಿಯೋಕ್ಕಿಂತ ಮೊದಲು, ಭೂಮಿತಾಯಿಗಿ ಮೊದಲನೇ ಹಿಡಿ ಸಸಿ ಇಟ್ಟು ಕೈ ಮುಗಿತೀವಲ್ಲ, ಆವಾಗ ಗುಂಪಿನಾಗ ಯಾರೋ ಒಬ್ಬಾಕಿ ಆ ಮೂಲಿ ಕಡಿ ತಿರುಗಿ ‘ಇವತ್ತಿನ ಹೊತ್ತು ನಿಂದವ್ವ’ ಅಂದ್ಲು. ಚೇಷ್ಟೀಗಿ ಅಂದ್ಲು. ನಾವೆಲ್ಲ ಅಂದ್ವಿ. ಅಂದು ಬಗ್ಗಿದ್ವಿ, ಎದ್ವಿ, ಸಂಜಿ ಆಗಿತ್ತು. ಸಾವಕಾರ ಬಂದು ನೋಡಿ ದಂಗಾಗಿ ನಿಂತ. ಎರಡು ದಿನದ್ದು ಒಂದು ದಿನಕ್ಕ ಹಚ್ಚಿದ್ವಿ. ಆಮ್ಯಾಲ ಅದ ರೂಢಿ ಆತು. ಒಡ್ಡಿನ ಮ್ಯಾಲ ಐದು ಕಲ್ಲು ಇಟ್ಟು ಅರಿಶಿಣ ಕುಂಕುಮ ಏರಿಸಿ ಬೆಳಗವ್ವ ಅಂತ ಹೆಸರಿಟ್ವಿ. ಹುಸೇನ್‌ಬೀ ಒಬ್ಬಾಕಿ ಮೊದಲಿಗಿ ಅನುಮಾನ ಮಾಡಿದ್ಲು, ಬಾಯಿಲೆ ಕೊಟ್ಟದ್ದು ಕೊಟ್ಟಂಗ, ನಕ್ಕೊಂಡು ಕೊಟ್ರೂ ಕೊಟ್ಟಂಗ ಅಂದ್ಲು. ಆಕಿ ಮಾತು ಯಾರು ಕೇಳತಾರ? ನಡ ನೋವು ಇಲ್ಲದ ನಾಟಿ ಅಂದ್ರ ಯಾರಿಗಿ ಬ್ಯಾಡ? ಎಂಟು ದಿನಕ್ಕ ಆಕೀನೂ ಕೈ ಮುಗದ್ಲು.

“ಒಂದು ಸಂಜಿ ನಾ ಎದ್ದು ನಿಂತು ಎದಿ ಮುಟ್ಟಿ ನೋಡಿಕೊಂಡ್ನಿ. ಬಿಗದಿದ್ದಿಲ್ಲ. ಕುಬಸ ಒಣಗಿತ್ತು. ಕೂಸು ಜೋಳಿಗ್ಯಾಗ ಹೊಟ್ಟಿ ತುಂಬಿ ಮಲಗೇತಿ, ತುಟಿ ಮ್ಯಾಲ ಹಾಲಿನ ಹನಿ ಇನ್ನೂ ಹಸಿ ಐತಿ. ಅಂದ್ರ ನಾ ಬಂದೀನಿ, ಎತ್ತಿಕೊಂಡೀನಿ, ಕುಡಿಸೀನಿ. ನಾಕು ಸಲ. ನನ್ನ ಕೂಸು ನನ್ನ ಎದಿಗಿ ಬಾಯಿ ಹಚ್ಚಿದ್ದು ನನಗ ಗೊತ್ತಿಲ್ಲ… ಅಂದ್ರೂ ಮರುದಿನ ಬಗ್ಗಿದ್ನಿ. ಬಗ್ಗುವಾಗ ಬಾಯಿ ತಾನ ಅಂತು, ಇವತ್ತಿನ ಹೊತ್ತು ನಿಂದವ್ವ. ಅದಕ್ಕ ನನ್ನ ನಾಲಿಗಿ ಕತ್ತರಿಸಬೇಕಿತ್ತು.

“ನಾಟಿ ಮುಗೀತು, ಊರಿಗಿ ಬಂದ್ವಿ. ಎಲ್ಲ ಅಲ್ಲೇ ಬಿಟ್ಟು ಬಂದ್ವಿ ಅನಕೊಂಡ್ನಿ. ಒಂದು ದಿನ ನೀರು ತಗೊಂಡು ಬರಾಕತ್ತಿದ್ನಿ, ಬಾಜು ಮನಿ ಚಾಂದ್‌ಬೀ ‘ಏನ ತಿಮ್ಮವ್ವ, ನಿನ್ನ ಮಗಳು ಹೆಜ್ಜಿ ಇಟ್ಟಾಳ ಅಂತ ನಿನ್ನೆ ಓಣಿಗೆಲ್ಲ ಬೆಲ್ಲ ಹಂಚಿದ್ಯಲ್ಲ, ಎಷ್ಟು ಕುಣಿದಿ ನೀ’ ಅಂದ್ಲು. ಕೊಡ ಕೆಳಗಿ ಇಟ್ನಿ. ನಿನ್ನೆ? ನಿನ್ನೆ ನಾ ಜೋಳ ಹಸನ ಮಾಡಿದ್ದು ನೆನಪೈತಿ, ಕೈಗಿ ಸೂಜಿ ಚುಚ್ಚಿದ್ದು ನೆನಪೈತಿ. ಮಗಳು ಹೆಜ್ಜಿ ಇಟ್ಟಿದ್ದು ಇಲ್ಲ. ನಡುವ ಏನೂ ಇಲ್ಲ, ಹರದು ತಗದಂಗ.

“ಆವತ್ತು ತಿಳೀತು ಅದರ ಕಸುಬು. ಗದ್ದ್ಯಾಗ ನಮ್ಮ ನೋವು ತಿಂದು ರುಚಿ ಹತ್ತಿಸಿದ್ದು ತನಗಲ್ಲ, ನಮಗ. ಅದಕ್ಕ ಬೇಕಾದದ್ದು ಬ್ಯಾರೆ ಇತ್ತು. ಆದಮ್ಮ ಮೊದಲ ಅವ್ವ ಅಂದದ್ದು ಹೋತು. ಮೊದಲ ಸಲ ಜಡಿ ಹಾಕಿದ್ದು ಹೋತು. ಹಟ್ಟಿಯಿಂದ ಬಂದ ಅಪ್ಪನ ಹೆಗಲ ಮ್ಯಾಲ ಕುಂತು ಆಕಿ ನಕ್ಕಿದ್ದು ಹೋತು. ಬೇನಿ ಮಾತ್ರ ಉಳೀತು. ಲಿಂಗಸೂಗೂರು ದವಾಖಾನಿ ವರಾಂಡದಾಗ ಕೂಸಿಗಿ ಜ್ವರ ಬಂದು ಮೂರು ಹಗಲು ಕುಂತಿದ್ದು ಒಂದೊಂದು ಗಳಿಗಿ ನೆನಪೈತಿ, ಎದುರಿಗಿನ ಗ್ವಾಡಿ ಮ್ಯಾಲ ಎಷ್ಟು ಬಿರುಕು ಇದ್ವು ಅಂತ ಬೇಕಾದ್ರ ಈಗ ಹೇಳ್ತೀನಿ. ನನ್ನ ಮಗಳು ಅಂದ್ರ ನನಗ ಬರೇ ಅಳು, ಜ್ವರ, ಕೆಮ್ಮು. ಆಕಿ ನಗು ಹೆಂಗಿತ್ತು ಅಂತ ನಾ ಮಂದೀನ ಕೇಳಬೇಕು. ಇಂಥ ಹಸಿವು ಯಾವ ತಾಯಿಗೂ ಬ್ಯಾಡವ್ವ.

“ಇರಲಿ, ನಂದು ಹೋದ್ರ ಹೋಗಲಿ, ಕೂಸು ನಗತೈತಲ್ಲ, ಅದು ಸಾಕು ಅಂತ ಎದಿ ಗಟ್ಟಿ ಮಾಡಿಕೊಂಡಿದ್ನಿ. ಆಕಿಗಿ ಆರು ವರ್ಷ ಆದಾಗ ಒಂದು ಮುಂಜಾನಿ ತಲಿ ಬಾಚಾಕತ್ತಿದ್ನಿ. ಆಕಿ ಹಿಂದಕ್ಕ ತಿರುಗಿ ನನ್ನ ಬಾಯಿ ಮ್ಯಾಲ ಕೈ ಇಟ್ಟು ಅಂದ್ಲು, ‘ಅವ್ವಾ, ನಗಬ್ಯಾಡ. ನೀ ನಕ್ರ ನಿನ್ನ ಕಣ್ಣಾಗ ನೀ ಇರಂಗಿಲ್ಲ, ಬೆಳಕು ಇರತೈತಿ. ನನಗ ಅಂಜಿಕಿ ಬರತೈತಿ.’”

ತಿಮ್ಮವ್ವ ಸೆರಗಿನಿಂದ ಮುಖ ಒರೆಸಿಕೊಂಡಳು. ಮುದುಕಮ್ಮ ತನ್ನ ಕೂಸನ್ನು ಈ ತೊಡೆಯಿಂದ ಆ ತೊಡೆಗೆ ಬದಲಿಸಿಕೊಂಡಳು. ತಿಮ್ಮವ್ವ ಮುಂದುವರಿಸಿದಳು.

“ಹುಸೇನ್‌ಬೀ ಮನಿಗಿ ಓಡಿದ್ನಿ. ಆಕಿ ಕಟ್ಟಿ ಮ್ಯಾಲ ಕುಂತಿದ್ಲು, ತನ್ನ ಮೊಮ್ಮಗನ ಹೆಸರು ಏನು ಅಂತ ನನ್ನ ಕೇಳಿದ್ಲು. ಅಷ್ಟರಾಗ ನನಗ ತಿಳೀತು, ಆಕಿ ಹೊತ್ತೂ ಹಿಂಗ ಹೋಗಾಕತ್ತೈತಿ ಅಂತ. ಎಲ್ಲಿ ನಿಂತು ಕೊಟ್ಟೀವೋ ಅಲ್ಲೇ ನಿಂತು ವಾಪಸ್ ಕೇಳಬೇಕು, ಕೊಡತೈತೋ ಇಲ್ಲೋ ಅಲ್ಲಾಹನಿಗ ಗೊತ್ತು ಅಂದ್ಲು. ಆ ವರ್ಷದ ನಾಟಿಗಿ ಗುಂಪಿನ ಜೊತಿ ನಾನೂ ಹೋದ್ನಿ. ಮಗಳನ್ನ ಬಿಟ್ಟು ಹೋಗಾಕ ಮನ್ಯಾಗ ಯಾರಿದ್ರು? ಕರಕೊಂಡು ಹೋದ್ನಿ. ಅದ ನಾ ಮಾಡಿದ ತಪ್ಪು.

“ಅದ ಗದ್ದಿ, ಅದ ಜಾಲಿ ಗಿಡ. ಗುಂಪಿನವರು ಐದು ಕಲ್ಲಿಗಿ ಕೈ ಮುಗದು ಮಾತು ಅಂದು ಇಳದ್ರು. ನಾ ಬಾಯಿ ಬಿಡಲಿಲ್ಲ. ಮಗಳನ್ನ ಗಿಡದ ಬುಡಕ ಕುಂದರಿಸಿ, ಇಲ್ಲಿಂದ ಅಲುಗಿದ್ರ ಕಾಲು ಮುರೀತೀನಿ ಅಂತ ಹೇಳಿ, ಒಬ್ಬಾಕೀನ ಗದ್ದಿ ನಡುವ ಹೋಗಿ ಮಧ್ಯಾಹ್ನ ಆಗೋದನ್ನ ಕಾಯಾಕತ್ತಿದ್ನಿ. ನೆರಳು ಕಾಲ ಬುಡಕ ಬಂತು. ಹಕ್ಕಿ ಸುಮ್ಮನಾದ್ವು. ನನ್ನ ಸುತ್ತ ಹನ್ನೊಂದು ಮಂದಿ ಬಗ್ಗ್ಯಾರ, ಹನ್ನೊಂದು ಜೋಡಿ ಕೈ ಸಸಿ ಹಚ್ಚಾಕತ್ತಾವ, ಪಚಕ್, ಪಚಕ್… ಹೆಸರು ಹಿಡದು ಕರದ್ನಿ, ಒಬ್ಬಾಕೀನೂ ತಲಿ ಎತ್ತಲಿಲ್ಲ. ಹುಸೇನ್‌ಬೀ ಗದ್ದ ಹಿಡದು ಮುಖ ಎತ್ತಿದ್ನಿ. ಎಪ್ಪಾ… ಕಣ್ಣಾಗ ಕರಿ ಗುಡ್ಡಿ ಇಲ್ಲ. ಬರೇ ಬೆಳಕು. ಬಾಯಿ ಮಾತ್ರ ನಗಾಕತ್ತೈತಿ. ಕೈ ಬಿಟ್ನಿ, ಮುಖ ತಿರುಗಿ ಬಗ್ಗಿತು, ಸಸಿ ಹಚ್ಚಾಕತ್ತಿತು.

“ಮೂಲ್ಯಾಗ ನೋಡಿದ್ನಿ. ಅದು ಮೊದಲು ರೊಟ್ಟಿಯಷ್ಟಿತ್ತಲ್ಲ? ಈಗ ರಾಶಿ ಮಾಡೋ ಕಣದಷ್ಟು ಅಗಲ ಆಗಿತ್ತು. ವಾಪಸ್ ಕೊಡು ಅಂತ ಕೇಳಾಕ ಬಾಯಿ ತೆರದ್ನಿ. ಅಷ್ಟರಾಗ ಹಿಂದಿಂದ ಸಣ್ಣ ದನಿ ಕೇಳಿಸ್ತು. ನನ್ನ ಮಗಳು, ಕೈಯಾಗ ನಾಕು ಸಸಿ ಹಿಡಕೊಂಡು, ದೊಡ್ಡವರು ಮಾಡಿದಂಗ ಕೈ ಮುಗದು ಆಟಕ್ಕ ಅಂದ್ಲು… ‘ಇವತ್ತಿನ ಹೊತ್ತು ನಿಂದವ್ವ.’

“ಅನ್ಕೋಂತ ನೀರಾಗ ಇಳದ್ಲು.

“ಮೂಲ್ಯಾಗಿನ ಬೆಳಕು ಸರದಿದ್ದು ನಾ ಆವತ್ತ ನೋಡಿದ್ದು. ಸದ್ದಿಲ್ಲ. ನೀರು ಕದಡಲಿಲ್ಲ. ಸಸಿ ಬಾಗಲಿಲ್ಲ. ಅದು ಕೂಸಿನ ಕಡಿ ಹೊಂಟಿತ್ತು, ಪುರ್ಸೊತ್ತಿಲೆ, ಉಣ್ಣಾಕ ಕುಂದ್ರೋರು ಹೋದಂಗ. ನನ್ನಂಥ ಮುದಿ ಹೆಂಗಸಿನ ಹತ್ರ ಏನಿರತೈತಿ, ಅಲ್ಲೊಂದು ಇಲ್ಲೊಂದು ಸಿಹಿ ಗಳಿಗಿ. ಆರು ವರ್ಷದ ಕೂಸಿನ ಹತ್ರ? ಹಗಲೆಲ್ಲ ಆಟ, ಹಗಲೆಲ್ಲ ನಗು. ಪೂರ್ತಿ ಬಾಲ್ಯಾನ ಇತ್ತಲ್ಲ ಅದರ ಮುಂದ. ಓಡಿದ್ನಿ. ಮೊಣಕಾಲ ಮಟ ಕೆಸರು, ಒಂದು ಕಾಲು ಕಿತ್ತಿದ್ರ ಇನ್ನೊಂದು ಹೂತು ಹೋಗಾಕತ್ತಿತು. ಬಿದ್ನಿ, ಎದ್ನಿ, ಬಿದ್ನಿ. ನಾ ಮುಟ್ಟೋದ್ರಾಗ ಆಕಿ ಬಗ್ಗಿದ್ಲು. ಸಣ್ಣ ಕೈ ಸಸಿ ಹಚ್ಚಾಕತ್ತಿತ್ತು, ಸಾಲು ತಪ್ಪಲಾರದಂಗ, ಪಚಕ್, ಪಚಕ್. ಆಕಿಗಿ ಸಸಿ ಹಚ್ಚಾಕ ಯಾರು ಕಲಿಸಿದ್ರು? ಮುಖ ಎತ್ತಿದ್ನಿ. ಕಣ್ಣಾಗ ಆಗಲೇ ಅಂಚಿನಿಂದ ಬೆಳ್ಳಗ ಆಗಾಕತ್ತಿತ್ತು, ನಡುವ ಒಂದು ಕಾಳಿನಷ್ಟು ಕರಿ ಉಳದಿತ್ತು, ಆ ಕಾಳಿನಾಗಿಂದ ನನ್ನ ಮಗಳು ನನ್ನ ನೋಡಾಕತ್ತಿದ್ಲು.

“ಆಕೀನ ಬೆನ್ನ ಹಿಂದ ಹಾಕಿಕೊಂಡು ಅದರ ಎದುರಿಗಿ ನಿಂತ್ನಿ. ಬಿಸಿ ಇರತೈತಿ ಅನಕೊಂಡಿದ್ನಿ, ಇದ್ದಿಲ್ಲ. ತಂಪೂ ಇದ್ದಿಲ್ಲ. ವಾಪಸ್ ಕೊಡು ಅಂತ ಕೇಳಬೇಕಂತ ಬಂದಾಕಿ ನಾ, ಏನಂದ್ನಿ ಗೊತ್ತೇನು? ‘ಕೂಸಿಂದು ಬಿಡು. ನಾ ಸಾಯೋ ತನಕ ನನಗ ಬರೋ ಒಳ್ಳೇ ಹೊತ್ತೆಲ್ಲ ನಿಂದ. ಒಂದೂ ಉಳಸಬ್ಯಾಡ’ ಅಂದ್ನಿ. ಈ ಸಲ ಚೇಷ್ಟೀಗಿ ಅನಲಿಲ್ಲ. ಅದು ನನ್ನ ಮುಖದ ಮ್ಯಾಲ ಬಂದು ನಿಂತಿತು. ಹಿಂದ ಮಗಳ ಕೈ ಅಲುಗಿದ್ದು ತಿಳೀತು, ಸೆರಗು ಜಗ್ಗಿದ್ಲು, ‘ಅವ್ವಾ’ ಅಂತ ಬಾಯಿ ತೆರದ್ಲು…

“ಆಮ್ಯಾಲ ಏನಾತು? ನನಗ ಗೊತ್ತಿಲ್ಲವ್ವ. ಖುಷಿ ಆಗಿರಬೇಕು.”

ಷೆಡ್ಡಿನಲ್ಲಿ ಯಾರೋ ಬಿಕ್ಕಿದರು. ತಿಮ್ಮವ್ವ ಬೈಯಲಿಲ್ಲ.

“ಹೋದ ವರ್ಷ ಆದಮ್ಮನ ಮದುವಿ ಆತು, ಮಸ್ಕ್ಯಾಗ. ಐರೇಣಿ ಗಡಿಗಿ ಮುಂದ ನಿಂತು ನಾ ಸೋಬಾನ ಹಾಡಿದ್ನಂತ, ಮಂದಿ ಹೇಳ್ತಾರ. ಮಗಳನ್ನ ಅತ್ತಿ ಮನಿಗಿ ಕಳಸುವಾಗ ಅತ್ತಿದ್ದು ಮಾತ್ರ ನನ್ನ ಹತ್ರ ಐತಿ. ಇರಲಿ. ಆಕಿ ಹತ್ರ ತನ್ನ ಬಾಲ್ಯ ಎಲ್ಲ ಐತಿ, ಕೇಳಿದ್ರ ಕತಿ ಕತಿ ಹೇಳ್ತಾಳ. ನಾ ಕುಂತು ಕೇಳ್ತೀನಿ, ಮರುದಿನ ಮತ್ತ ಕೇಳ್ತೀನಿ. ಆಕಿ ಬ್ಯಾಸರ ಮಾಡಿಕೊಳ್ಳಂಗಿಲ್ಲ. ನನ್ನ ಬಗ್ಗಿ ನನಗ ಸಂಕಟ ಇಲ್ಲ. ಕೊಟ್ಟದ್ದು ನಾ, ತಿಳದು ಕೊಟ್ಟೀನಿ.

“ಆದ್ರ ಆ ಬೆಳಕಿಗಿ ಆ ಮಾತ ಬೇಕು ಅಂತೇನಿಲ್ಲ, ಕೇಳ್ರಿ. ಮುಕ್ಕುಂದದಾಗ ಇರತೈತಿ ಅಂತಾನೂ ಇಲ್ಲ. ನೀರು ನಿಂತಲ್ಲಿ ಬರತೈತಿ. ನಡ ನೊಂದಾಗ ‘ಈ ಹೊತ್ತು ಜಲ್ದಿ ಹೋದ್ರ ಸಾಕು’ ಅಂತ ಮನಸ್ಸಾರೆ ಅಂದ್ರ ಆತು. ನಿಮ್ಮೊಳಗ ಯಾರು ಅಂದ್ರೋ ನನಗ ಗೊತ್ತಿಲ್ಲ, ಅಂದವರನ್ನ ನಾ ಬೈಯಂಗಿಲ್ಲ, ನಾನೂ ಅಂದಾಕಿ.”

ಅವಳು ಒಬ್ಬೊಬ್ಬರ ಮುಖವನ್ನೂ ನೋಡುತ್ತ ಬಂದಳು. ಹನ್ನೆರಡು ಮಂದಿಯಿದ್ದರು.

“ಒಂದ ಮಾತು ಕೇಳ್ತೀನಿ. ಇವತ್ತು ಮಧ್ಯಾಹ್ನ ರೊಟ್ಟಿ ಜೊತಿ ಏನು ಪಲ್ಯ ಮಾಡಿ ತಂದಿದ್ನಿ? ಹೇಳ್ರಿ, ಯಾರಾದ್ರೂ ಒಬ್ಬರು ಹೇಳ್ರಿ.”

ಹೆಂಗಸರು ಒಬ್ಬರನ್ನೊಬ್ಬರು ನೋಡಿದರು. ಒಬ್ಬಳು ಏನೋ ಹೇಳಲು ಬಾಯಿ ತೆರೆದು ಮುಚ್ಚಿದಳು. ಇನ್ನೊಬ್ಬಳ ಕೈ ತಾನಾಗಿಯೇ ಸೊಂಟದ ಮೇಲೆ ಹೋಯಿತು, ಅಲ್ಲಿ ಒತ್ತಿ ನೋಡಿ, ಮತ್ತೆ ಒತ್ತಿ ನೋಡಿದಳು.

“ಒಡ್ಡಿನ ಮ್ಯಾಲ ಸಾಲಾಗಿ ಕುಂತು ಉಂಡ್ರಿ,” ಎಂದಳು ತಿಮ್ಮವ್ವ. “ಎರಡೆರಡು ರೊಟ್ಟಿ ಉಂಡ್ರಿ. ಎಲ್ಲರೂ ನಗಾಕತ್ತಿದ್ರಿ. ಮುದುಕಮ್ಮ, ನೀನೂ ಕೂಸಿನ ಎದಿಗಿ ಹಾಕ್ಕೊಂಡು ನಗಾಕತ್ತಿದ್ದಿ… ನಿನ್ನ ಕೂಸು ಮಾತ್ರ ಹಾಲು ಕುಡಿಯೋದು ಬಿಟ್ಟು, ಉಸಿರು ಹಿಡಕೊಂಡು ನಿನ್ನ ಕಣ್ಣ ನೋಡಾಕತ್ತಿತ್ತು.”